ಕನಸಿನ ತಳದ ಸೀಮೆ

(ಗಿರಣಿ ಕಾರ್ಮಿಕರು ಮತ್ತು ಚಿಲ್ಲರೆ ವ್ಯಾಪಾರಿಗಳ ಸಂಜೆ ಸಭೆಯಲ್ಲಿ ಮಾಡಿದ ಭಾಷಣ)



ಈ ಸಂಜೆ ನಾವು ಒಂದು ಸಿನಿಮಾದ ವಿಷಯ ಮಾತಾಡಲು ನಿಂತಿದ್ದೇವೆ. ಪಾಳಿ ಮುಗಿಸಿ, ಅಂಗಡಿ ಬಾಗಿಲು ಹಾಕಿ ಬಂದವರ ಹೊತ್ತನ್ನು ಸಿನಿಮಾದ ಮಾತಿಗೆ ಕಳೆಯುವುದೆ ಎಂದು ಯಾರಾದರೂ ಕೇಳಬಹುದು. ಕೇಳಬೇಕಾದ ಪ್ರಶ್ನೆಯೇ. ಆದರೆ ಈ ಕಥೆಯಲ್ಲಿ ಕಳೆದುಹೋಗುವ ವಸ್ತು ಮನುಷ್ಯನ ಹೊತ್ತೇ. ಆದ್ದರಿಂದ ಹೊತ್ತಿನ ಬೆಲೆ ಬಲ್ಲ ನಿಮ್ಮೆದುರಿಗೇ ಇದನ್ನು ಇಡುವುದು ಸರಿಯೆಂದು ನಮಗೆ ತೋರಿತು.

ಚಿತ್ರದ ಹೆಸರು 'ಇನ್ಸೆಪ್ಷನ್'. ಕ್ರಿಸ್ಟಫರ್ ನೋಲನ್ ಎಂಬವರು ಬರೆದು ನಿರ್ದೇಶಿಸಿ 2010ರಲ್ಲಿ ತೆರೆಗೆ ತಂದದ್ದು. ಅದರಲ್ಲಿ ಕೈಪೆಟ್ಟಿಗೆಯಷ್ಟು ದೊಡ್ಡ ಒಂದು ಯಂತ್ರ ಉಂಟು. ಅದರ ನಳಿಕೆಗಳನ್ನು ಕೈಗೆ ಚುಚ್ಚಿಕೊಂಡು ನಾಲ್ಕಾರು ಜನ ಮಲಗಿದರೆ ಎಲ್ಲರೂ ಒಂದೇ ಕನಸಿನೊಳಗೆ ಇಳಿಯುತ್ತಾರೆ. ಈ ವಿದ್ಯೆ ಹುಟ್ಟಿದ್ದು ಸೈನ್ಯದಲ್ಲಿ. ಸಿಪಾಯಿಗಳು ಕನಸಿನಲ್ಲಿ ಒಬ್ಬರನ್ನೊಬ್ಬರು ಕೊಂದು ಅಭ್ಯಾಸ ಮಾಡಲೆಂದು. ಅಲ್ಲಿಂದ ಅದು ದೊಡ್ಡ ಕಂಪೆನಿಗಳ ಜಗಳಕ್ಕೆ ಬಂತು. ಕಥಾನಾಯಕ ಕಾಬ್ ಕನಸಿಗೆ ನುಗ್ಗಿ ಗುಟ್ಟು ಕದಿಯುವ ಕಸುಬಿನವನು. ಸೈಟೊ ಎಂಬ ಜಪಾನಿನ ಉದ್ಯಮಪತಿ ಅವನಿಗೆ ಬೇರೆ ಕೆಲಸ ಒಪ್ಪಿಸುತ್ತಾನೆ: ಎದುರಾಳಿ ಕಂಪೆನಿಯ ವಾರಸುದಾರ ಫಿಷರನ ಮನಸ್ಸಿನಲ್ಲಿ, ತಂದೆ ಕಟ್ಟಿದ ಸಾಮ್ರಾಜ್ಯವನ್ನು ಒಡೆದುಹಾಕಬೇಕೆಂಬ ಯೋಚನೆಯನ್ನು ಬಿತ್ತಬೇಕು, ಅದು ತನ್ನದೇ ಯೋಚನೆಯೆಂದು ಅವನು ನಂಬಬೇಕು. ಆ ಸಾಮ್ರಾಜ್ಯದಲ್ಲಿ ದುಡಿಯುವವರ ಗತಿಯೇನೆಂಬ ಪ್ರಶ್ನೆ ಚಿತ್ರದಲ್ಲಿ ಏಳುವುದಿಲ್ಲ. ನಿಮ್ಮ ಮನಸ್ಸಿನಲ್ಲಿ ಅದು ಆಗಲೇ ಎದ್ದಿರಬೇಕು.

ಸಿಡ್ನಿಯಿಂದ ಲಾಸ್ ಏಂಜಲೀಸಿಗೆ 10 ಗಂಟೆಯ ವಿಮಾನಯಾನ. ಅಷ್ಟರಲ್ಲಿ ಕನಸು, ಅದರೊಳಗೊಂದು ಕನಸು, ಅದರೊಳಗೆ ಮತ್ತೊಂದು. ಹೀಗೆ ಮೂರು ಅಂತಸ್ತು ಇಳಿಯಬೇಕು. ಕೆಳಗಿಳಿದಷ್ಟೂ ಹೊತ್ತು ಹಿಗ್ಗುತ್ತದೆ. ಮೇಲಿನ 10 ಗಂಟೆ ಮೊದಲ ಅಂತಸ್ತಿನಲ್ಲಿ ಒಂದು ವಾರ, ಎರಡನೆಯದರಲ್ಲಿ 6 ತಿಂಗಳು, ಮೂರನೆಯದರಲ್ಲಿ 10 ವರ್ಷ. ಅದಕ್ಕೂ ಕೆಳಗಿರುವುದೇ ಇಂದಿನ ನಮ್ಮ ವಿಷಯ. ಅದರ ಹೆಸರು ಲಿಂಬೊ. ನಮ್ಮಲ್ಲಾದರೆ ತ್ರಿಶಂಕು ಸ್ವರ್ಗ ಎನ್ನುತ್ತಿದ್ದೆವೋ ಏನೋ. ಆದರೆ ತಾನು ನೇತಾಡುತ್ತಿದ್ದೇನೆಂದು ತ್ರಿಶಂಕುವಿಗೆ ಗೊತ್ತಿತ್ತು. ಲಿಂಬೊದಲ್ಲಿ ಇರುವವನಿಗೆ ಗೊತ್ತಿರುವುದಿಲ್ಲ.

ಮೇಲಿನ ಅಂತಸ್ತುಗಳಿಗೆ ಕಟ್ಟುವವರಿದ್ದಾರೆ, ನಕ್ಷೆ ಇದೆ. ಈ ಸೀಮೆಗೆ ನಕ್ಷೆಯಿಲ್ಲ. ಮುಂಚೆ ಹೋಗಿ ಬಂದವರು ಬಿಟ್ಟುಹೋದದ್ದೇ ಅಲ್ಲಿರುವ ಆಸ್ತಿ. ಸಾಮಾನ್ಯ ಕನಸಿನಲ್ಲಿ ಸತ್ತರೆ ಎಚ್ಚರಾಗುತ್ತದೆ. ಈ ಸಲ ಕೊಟ್ಟ ಮಂಪರು ಔಷಧಿ ಎಷ್ಟು ಬಲವಾದದ್ದೆಂದರೆ, ಸತ್ತವನು ಎಚ್ಚರಾಗದೆ ನೇರವಾಗಿ ಅಲ್ಲಿಗೆ ಬೀಳುತ್ತಾನೆ. ಸೈಟೊ ಗುಂಡೇಟು ತಿಂದು ಹಾಗೆ ಬಿದ್ದು, ಅಲ್ಲೇ ಹಣ್ಣು ಮುದುಕನಾಗುತ್ತಾನೆ.

ಕಾಬ್ ಮತ್ತು ಅವನ ಹೆಂಡತಿ ಮಾಲ್ ಅದಕ್ಕೂ ಮೊದಲೇ ಆ ಸೀಮೆಯಲ್ಲಿ ಸುಮಾರು 50 ವರ್ಷ ಬದುಕಿದ್ದರು. ಬೀದಿ ಬೀದಿಯಾಗಿ ಒಂದು ನಗರವನ್ನೇ ಕಟ್ಟಿದ್ದರು. ಮುಂದೆ ಕಾಬ್ ಮತ್ತೆ ಅಲ್ಲಿಗೆ ಇಳಿದಾಗ ಅವರ ಕಟ್ಟಡಗಳು ದಡದಿಂದ ಕಳಚಿ ಸಮುದ್ರಕ್ಕೆ ಬೀಳುತ್ತಿರುತ್ತವೆ. ಅಷ್ಟು ವರ್ಷದ ದುಡಿಮೆಯಿಂದ ಒಂದು ಇಟ್ಟಿಗೆಯೂ ಮೇಲಕ್ಕೆ ಬರಲಿಲ್ಲ. ಇದು ಆ ಸೀಮೆಯ ಮೊದಲ ಅಪಾಯ.

ಎರಡನೆಯದು ಮರೆವು. ಇದು ಕನಸೆಂಬ ಸತ್ಯವನ್ನು ಮಾಲ್ ಬೇಕೆಂದೇ ತಿಜೋರಿಯಲ್ಲಿಟ್ಟು ಬೀಗ ಹಾಕಿದಳು. ಆ ಸತ್ಯದ ಗುರುತು ಒಂದು ಬುಗುರಿ. ಕನಸಿನಲ್ಲಿ ಅದು ಬೀಳದೆ ತಿರುಗುತ್ತದೆ, ಎಚ್ಚರದಲ್ಲಿ ಬೀಳುತ್ತದೆ. ಕಾಬ್ ಅವಳಿಗೆ ತಿಳಿಯದಂತೆ ತಿಜೋರಿ ತೆರೆದು ಬುಗುರಿಯನ್ನು ತಿರುಗಿಸಿ ಬಿಟ್ಟ. ಈ ಲೋಕ ನಿಜವಲ್ಲವೆಂಬ ಯೋಚನೆ ಅವಳಲ್ಲಿ ಬೇರೂರಿತು. ಇಬ್ಬರೂ ರೈಲುಹಳಿಗೆ ತಲೆಕೊಟ್ಟು ಎಚ್ಚರಾದರು. ಆದರೆ ಬಿತ್ತಿದ ಯೋಚನೆ ಅವಳೊಡನೆ ಮೇಲಕ್ಕೂ ಬಂತು. ಮನೆ, ಮಕ್ಕಳು ಎಲ್ಲವೂ ಕನಸೆಂದೇ ಅವಳಿಗೆ ಕಂಡಿತು. ಎಚ್ಚರಾಗಲೆಂದು ಎತ್ತರದಿಂದ ಹಾರಿ ಪ್ರಾಣ ಬಿಟ್ಟಳು.

ಮೊಂಬಾಸದ ಒಂದು ನೆಲಮಾಳಿಗೆಯ ದೃಶ್ಯವನ್ನೂ ಹೇಳಬೇಕು. ಅಲ್ಲಿ ಹನ್ನೆರಡು ಜನ ದಿನವೂ ಬಂದು ಮೂರು ನಾಲ್ಕು ಗಂಟೆ ಒಟ್ಟಿಗೆ ಮಲಗುತ್ತಾರೆ. ಕನಸಿನ ಲೆಕ್ಕದಲ್ಲಿ ಅದು ಸುಮಾರು 40 ಗಂಟೆ. ಅವರ ಪಾಲಿಗೆ ಕನಸೇ ನಿಜವಾಗಿದೆ. ಅವರನ್ನು ನೋಡಿ ನಗುವುದು ಸುಲಭ. ಎಚ್ಚರದಲ್ಲಿ ಅವರಿಗೆ ಏನು ಸಿಕ್ಕಿತ್ತು ಎಂದು ಕೇಳುವುದು ಕಷ್ಟ. ನಮ್ಮ ಬೀದಿಯಲ್ಲೂ ಮಟ್ಕಾ ಚೀಟಿಯ ಮುಂದೆ, ಮೊಬೈಲಿನ ಜೂಜಿನ ಮುಂದೆ, ಹತ್ತು ನಿಮಿಷವೆಂದು ಕೂತು ರಾತ್ರಿ ಕಳೆದವರಿದ್ದಾರೆ. ಅವರನ್ನು ಬೈದು ಬಿಡುವುದು ಬೇಡ. ಯಾವ ಬೇಸರ ಅವರನ್ನು ಅಲ್ಲಿಗೆ ತಳ್ಳಿತೆಂದು ಮೊದಲು ತಿಳಿಯೋಣ.

ಹಾಗಾದರೆ ಇಂಥ ಸೀಮೆಯಿಂದ ಹೊರಗೆ ಬರುವುದು ಹೇಗೆ? ಚಿತ್ರದಲ್ಲಿ ಒಂದು ಪರೀಕ್ಷೆ ಉಂಟು. ಕನಸಿನ ಆರಂಭ ಯಾರಿಗೂ ನೆನಪಿರುವುದಿಲ್ಲ. ನಡುವೆಯೇ ನಾವು ಅಲ್ಲಿರುತ್ತೇವೆ. ಆದ್ದರಿಂದ, ಇಲ್ಲಿಗೆ ಹೇಗೆ ಬಂದೆ ಎಂದು ಕೇಳಿಕೊಳ್ಳಬೇಕು. ಸಾಲದ ಖಾತೆ ನೋಡುವ ಅಂಗಡಿಕಾರನೂ, ಪಗಾರದ ಚೀಟಿ ನೋಡುವ ಕಾರ್ಮಿಕನೂ ಇದನ್ನೇ ಕೇಳಿದರೆ ಅರ್ಧ ಎಚ್ಚರಾದಂತೆ. ಈ ಬಾಕಿ ಯಾವಾಗ ಶುರುವಾಯಿತು? ಈ ಕಡಿತ ಯಾವ ತಿಂಗಳಿಂದ ಬಂತು?

ಆದರೆ ತಳಕ್ಕೆ ಬಿದ್ದವನಿಗೆ ಆ ಪ್ರಶ್ನೆಯೇ ಮರೆತಿರುತ್ತದೆ. ಇನ್ನೊಬ್ಬರು ಇಳಿದು ಹೋಗಿ ಕರೆಯಬೇಕು. ಕರೆಯುವ ಬಗೆಯಲ್ಲೇ ಈ ಕಥೆಯ ನಿಜವಾದ ಪಾಠ ನಮಗೆ ಕಂಡಿತು. ಹೆಂಡತಿಯನ್ನು ಕಾಬ್ ಎಬ್ಬಿಸಿದ್ದು ಅವಳಿಗೆ ತಿಳಿಯದಂತೆ ಯೋಚನೆ ಬಿತ್ತಿ. ಅದು ಅವಳನ್ನು ಕೊಂದಿತು. ಸೈಟೊನನ್ನು ಎಬ್ಬಿಸಿದ್ದು ಅವನ ಎದುರಿಗೆ ಕೂತು, ಹಳೆಯ ಒಪ್ಪಂದವನ್ನು ಬಾಯಿಬಿಟ್ಟು ನೆನಪಿಸಿ, ಬಾ ಎಂದು ಕರೆದು. ಅವನು ಎದ್ದು ಬಂದ, ಕೊಟ್ಟ ಮಾತು ಉಳಿಸಿಕೊಂಡ. ಫಿಷರನೋ, ತಂದೆಯೇ ತನ್ನನ್ನು ಸ್ವಂತ ಕಾಲಮೇಲೆ ನಿಲ್ಲೆಂದು ಹರಸಿದನೆಂದು ನಂಬಿ ಕಣ್ಣೀರಿಡುತ್ತಾನೆ. ಆ ಸಮಾಧಾನವೂ ಪರರು ಬರೆದುಕೊಟ್ಟದ್ದು.

ಜನರ ನಡುವೆ ಕೆಲಸ ಮಾಡುವವರು ಇದನ್ನು ಮರೆಯಬಾರದು. ಒಳ್ಳೆಯ ಯೋಚನೆಯೇ ಆಗಿರಲಿ, ಕದ್ದು ಬಿತ್ತಿದರೆ ಅದು ಕೇಳಿದವನ ಸ್ವತ್ತಾಗುವುದಿಲ್ಲ. ಎದುರಿಗೆ ಹೇಳಬೇಕು, ಎದುರು ಮಾತಿಗೆ ಜಾಗ ಬಿಡಬೇಕು, ಬೇಡವೆಂದರೆ ನಾಳೆ ಮತ್ತೆ ಬಂದು ಹೇಳಬೇಕು. ಇದು ನಿಧಾನದ ದಾರಿ. ಆದರೆ ಈ ದಾರಿಯಲ್ಲಿ ಎಚ್ಚರಾದವನು ಎಚ್ಚರಾಗಿಯೇ ಇರುತ್ತಾನೆ.

ನಾವು ಹೇಳಿದ್ದರಲ್ಲಿ ಒಪ್ಪದ್ದು ಇದ್ದರೆ ಈಗಲೇ ಕೇಳಿ. ಸಭೆ ಇನ್ನು ನಿಮ್ಮದು.