ಬನ್‌ಜಾಯ್ ದಾಳಿ: ಧೈರ್ಯಾನಾ, ದಾರಿ ಇಲ್ಲದ್ದಾ?

1944ರ ಜುಲೈ 7, ಬೆಳಗಿನ ಜಾವ. ಪೆಸಿಫಿಕ್ ಸಾಗರದ ಸೈಪಾನ್ ದ್ವೀಪ. ಸೋಲು ಖಚಿತವಾಗಿತ್ತು. ಆದರೂ ಸಾವಿರಾರು ಜಪಾನಿ ಸೈನಿಕರು ‘ಬನ್‌ಜಾಯ್’ ಅಂತ ಕೂಗ್ತಾ ಅಮೆರಿಕನ್ ಪಡೆಯ ಮೇಲೆ ನುಗ್ಗಿದರು. ಕೆಲವರ ಕೈಯಲ್ಲಿ ಬಂದೂಕೂ ಇಲ್ಲ, ಬರೀ ಬಿದಿರಿನ ಈಟಿ. ಊರುಗೋಲು ಹಿಡಿದ ಗಾಯಾಳುಗಳೂ ಬಂದರು. ಬಹುತೇಕ ಎಲ್ಲರೂ ಸತ್ತರು. ಎರಡೇ ದಿನದಲ್ಲಿ ದ್ವೀಪ ಅಮೆರಿಕದ ವಶವಾಯ್ತು.

ಮೊದಲ ಸಲ ಕೇಳಿದಾಗ ‘ಅಬ್ಬಾ, ಎಂಥಾ ಗುಂಡಿಗೆ!’ ಅಂದಿದ್ದೆ. ಆಮೇಲೆ ಓದ್ತಾ ಹೋದೆ. ದಾಳಿಗೆ ಆದೇಶ ಕೊಟ್ಟ ಜನರಲ್ ಸೈಟೊ, ದಾಳಿಗೆ ಮುಂಚೆಯೇ ಆತ್ಮಹತ್ಯೆ ಮಾಡಿಕೊಂಡಿದ್ದರು. ಇನ್ನು ಸೈನಿಕರಿಗೆ? ಸೆರೆ ಸಿಗೋದೇ ಅವಮಾನ ಅಂತ 1941ರ ಸೇನಾ ನಿಯಮಾವಳಿ ಕಲಿಸಿತ್ತು. ಅಂದ್ರೆ ಶರಣಾಗೋ ಬಾಗಿಲನ್ನ ಮೊದಲೇ ಮುಚ್ಚಿಟ್ಟಿದ್ರು.

ಮುಂದಿನ ವರ್ಷ ಇವೊ ಜಿಮಾದಲ್ಲಿ ಜನರಲ್ ಕುರಿಬಯಾಶಿ ಇಂಥ ದಾಳಿ ಬೇಡ, ಸುರಂಗದಲ್ಲಿದ್ದು ಹೋರಾಡಿ ಅಂದರು. ಅಲ್ಲೂ ಶರಣಾಗತಿ ಇರಲಿಲ್ಲ. ಆದ್ರೆ ಹೀಗೆ ನುಗ್ಗೋದು ವ್ಯರ್ಥ ಅನ್ನೋದು ಅವರದೇ ಸೇನಾಪತಿಗೆ ಗೊತ್ತಿತ್ತು.

ನಾನು ಬಿಕಾಂ ಓದಿದವನು, ಲೆಕ್ಕ ಕೇಳೋದು ಅಭ್ಯಾಸ. ‘ಆಗಲ್ಲ’ ಅನ್ನೋಕೆ ಅವಕಾಶವೇ ಇಲ್ಲದವನ ಸಾವನ್ನ ಧೈರ್ಯದ ಖಾತೆಗೆ ಬರೆಯೋದು ಸರೀನಾ? ನೀವೇ ಯೋಚಿಸಿ.