ಊರಿನ ಗದ್ದೆಯ ಗಡಿ



ನಾವು ತ್ರಿಪ್ಲಿಕೇನಿನ ಹೋಟೆಲುಗಳಲ್ಲಿ ಒಲೆಯ ಮುಂದೆ ಬೆವರು ಸುರಿಸುವುದು ಉಡುಪಿ, ಕುಂದಾಪುರದ ಕಡೆಯ ನಮ್ಮ ತುಂಡು ಗದ್ದೆ ಉಳಿಯಲೆಂದು. ನಾವಿಲ್ಲಿರುವಾಗ ಅಲ್ಲಿ ಹುಣಿ ಗೇಣುಗೇಣಾಗಿ ಸರಿಯುತ್ತದೆ. ರಜೆಯಲ್ಲಿ ಹೋಗಿ ಕತ್ತಿ ಹಿಡಿದರೆ ಪೊಲೀಸು ಕೇಸು, ಸುಮ್ಮನಿದ್ದರೂ ಕೇಡೇ. ಪರರು ನಮ್ಮ ಹಕ್ಕನ್ನು ಅಲ್ಲಗಳೆದು, ಬಹಿರಂಗವಾಗಿ 12 ವರ್ಷ ಎಡೆಬಿಡದೆ ಅನುಭವಿಸಿದರೆ, 1963ರ ಕಾಲಮಿತಿ ಕಾಯಿದೆಯಂತೆ ಆ ನೆಲ ನಮ್ಮ ಕೈತಪ್ಪೀತು.

ಆದುದರಿಂದ ಮೊದಲು ಅಳತೆಯಾಗಲಿ. ಪಹಣಿಯೊಡನೆ ನಾಡಕಚೇರಿಯಲ್ಲಿ ಹದ್ದುಬಸ್ತಿಗೆ ಅರ್ಜಿ ಕೊಡೋಣ. ಸರ್ವೆಯವರು ನೆರೆಯವರಿಗೂ ನೋಟೀಸು ಕೊಟ್ಟು, ಹಳೆಯ ನಕ್ಷೆಯಂತೆ ಅಳೆದು ಗಡಿ ಗುರುತಿಸುತ್ತಾರೆ. ನಮ್ಮ ರಜೆಯನ್ನು ಆ ದಿನಕ್ಕೇ ಮೀಸಲಿಡೋಣ. ನೆರೆಯವರು ಒಪ್ಪಿದರೆ ಅಲ್ಲೇ ಕಲ್ಲು ನೆಡೋಣ. ಒಪ್ಪದಿದ್ದರೆ ಅದೇ ನಕ್ಷೆ ಹಿಡಿದು ಸಿವಿಲ್ ಕೋರ್ಟಿಗೆ ಹೋಗೋಣ.

ನೆರೆಮನೆಯೊಡನೆ ಹಗೆ ಬೇಡ. ಹಕ್ಕನ್ನು ಬಿಡುವುದೂ ಬೇಡ.