ಕರಗಿದ ಸಕ್ಕರೆ ಇದೆಯೋ, ಇಲ್ಲವೋ?

ಮಕ್ಕಳೇ, ಮನೆಯಲ್ಲಿ ಅಡುಗೆಗೆ ಬಳಸುವ ತೂಕದ ಯಂತ್ರವಿದ್ದರೆ ಇದನ್ನು ಮಾಡಿ ನೋಡಿ. ಒಂದು ಲೋಟ ನೀರನ್ನು ತೂಗಿ. 10 ಗ್ರಾಂ ಸಕ್ಕರೆಯನ್ನು ಬೇರೆಯಾಗಿ ತೂಗಿ, ಆ ನೀರಿಗೆ ಹಾಕಿ ಚೆನ್ನಾಗಿ ಕಲಕಿ. ಸ್ವಲ್ಪ ಹೊತ್ತಿಗೆ ಒಂದು ಹರಳೂ ಕಾಣುವುದಿಲ್ಲ. ಈಗ ಲೋಟವನ್ನು ಮತ್ತೆ ತೂಗಿ. ಮೊದಲಿಗಿಂತ 10 ಗ್ರಾಂ ಹೆಚ್ಚು! ಕಣ್ಣು ‘ಸಕ್ಕರೆ ಇಲ್ಲ’ ಎನ್ನುತ್ತದೆ, ನಾಲಿಗೆ ಮತ್ತು ತಕ್ಕಡಿ ‘ಇದೆ’ ಎನ್ನುತ್ತವೆ. ಹಾಗಾದರೆ ಒಂದು ವಸ್ತು ಇದೆ ಎಂದು ಹೇಳುವುದಕ್ಕೆ ಯಾವುದನ್ನು ನಂಬಬೇಕು?

ಸುಮಾರು 2,500 ವರ್ಷಗಳ ಹಿಂದೆ ಒಬ್ಬ ಮನುಷ್ಯ ಈ ಪ್ರಶ್ನೆಯ ಬುಡಕ್ಕೇ ಕೈಹಾಕಿದ. ಅವನ ಹೆಸರು ಪಾರ್ಮೆನಿಡೀಸ್. ಊರು ಎಲಿಯಾ. ಅದು ಈಗಿನ ದಕ್ಷಿಣ ಇಟಲಿಯ ಕರಾವಳಿಯಲ್ಲಿದ್ದ ಗ್ರೀಕರ ಊರು; ಇಂದಿಗೂ ಅಲ್ಲಿ ಅದರ ಅವಶೇಷಗಳಿವೆ.

ಅವನಿಗಿಂತ ಮೊದಲೂ ಗ್ರೀಕರು ಯೋಚಿಸುತ್ತಿದ್ದರು. ಮಿಲೇಟಸ್ ಪಟ್ಟಣದ ಥೇಲೀಸ್ ಎಲ್ಲವೂ ನೀರಿನಿಂದ ಬಂದದ್ದು ಎಂದ. ಅದೇ ಊರಿನ ಅನಾಕ್ಸಿಮಿನೀಸ್ ಗಾಳಿಯಿಂದ ಎಂದ. ಪಾರ್ಮೆನಿಡೀಸ್ ಇನ್ನೂ ಒಂದು ಹೆಜ್ಜೆ ಹಿಂದಕ್ಕೆ ಹೋದ. ನೀರೋ ಗಾಳಿಯೋ ಆಮೇಲೆ ನೋಡೋಣ, ಮೊದಲು ‘ಇರುವುದು’ ಎಂದರೇನು ಎಂದು ಕೇಳಿದ. ತನ್ನ ವಿಚಾರವನ್ನು ಒಂದು ಪದ್ಯವಾಗಿ ಬರೆದ. ಕುದುರೆಗಳ ರಥವೇರಿ ಹೋದ ತರುಣನೊಬ್ಬನಿಗೆ ಒಬ್ಬ ದೇವಿ ಸತ್ಯವನ್ನು ತಿಳಿಸುವ ಕತೆ ಅದರಲ್ಲಿದೆ. ಇಂದು ನಮಗೆ ಸಿಕ್ಕಿರುವುದು ಸುಮಾರು 160 ಸಾಲುಗಳು ಮಾತ್ರ. ಚಂದ್ರನಿಗೆ ಸ್ವಂತ ಬೆಳಕಿಲ್ಲ, ಅದು ಎರವಲು ಬೆಳಕಿನಿಂದ ಹೊಳೆಯುತ್ತದೆ ಎಂಬ ಮಾತೂ ಆ ಸಾಲುಗಳಲ್ಲೇ ಇದೆ!

ಅವನ ವಾದವನ್ನು ನಿಧಾನವಾಗಿ ನೋಡೋಣ. ‘ಏನೂ ಇಲ್ಲ’ ಎನ್ನುವುದನ್ನು ಮನಸ್ಸಿನಲ್ಲಿ ತಂದುಕೊಳ್ಳಲು ಪ್ರಯತ್ನಿಸಿ. ಕತ್ತಲೆ ಕಂಡಿತೇ? ಕತ್ತಲೆಯೂ ಏನೋ ಒಂದು ತಾನೇ? ಖಾಲಿ ಕೋಣೆ? ಅದಕ್ಕೂ ಗೋಡೆಗಳಿವೆ. ಏನೂ ಇಲ್ಲದ್ದನ್ನು ಯೋಚಿಸುವುದಕ್ಕೇ ಆಗುವುದಿಲ್ಲ ಎಂದ ಪಾರ್ಮೆನಿಡೀಸ್. ಹಾಗಿದ್ದರೆ ಅದರಿಂದ ಯಾವುದಾದರೂ ಹುಟ್ಟುವುದು ಹೇಗೆ? ಹುಟ್ಟುತ್ತದೆ ಎಂದೇ ಇಟ್ಟುಕೊಳ್ಳಿ, ನಿನ್ನೆ ಹುಟ್ಟದೆ ಇವತ್ತೇ ಹುಟ್ಟಲು ಕಾರಣವೇನು? ‘ಏನೂ ಇಲ್ಲ’ದೊಳಗೆ ಕಾರಣವೂ ಇರುವುದಿಲ್ಲವಲ್ಲ! ಆದ್ದರಿಂದ ಇರುವುದು ಎಂದೂ ಹುಟ್ಟಿದ್ದಲ್ಲ, ಎಂದೂ ಅಳಿಯುವುದಿಲ್ಲ.

ಇಷ್ಟರವರೆಗೆ ಅವನ ಜೊತೆ ಹೋಗಬಹುದು. ಆದರೆ ಅವನು ಅಲ್ಲಿಗೇ ನಿಲ್ಲಲಿಲ್ಲ. ಹಸಿರು ಮಾವು ಹಳದಿಯಾದರೆ ಇದ್ದ ಹಸಿರು ಇಲ್ಲವಾಗಬೇಕು, ಇಲ್ಲದ ಹಳದಿ ಬರಬೇಕು. ಅದು ಸಾಧ್ಯವಿಲ್ಲವಾದ್ದರಿಂದ ಬದಲಾವಣೆಯೇ ಇಲ್ಲ, ಚಲನೆಯೂ ಇಲ್ಲ. ನಾವು ಕಾಣುವುದೆಲ್ಲ ಕಣ್ಣಿನ ಮೋಸ ಎಂದುಬಿಟ್ಟ. ಓಟಗಾರ ಅಖಿಲೀಸ್ ಆಮೆಯನ್ನು ಎಂದೂ ಹಿಂದೆ ಹಾಕಲಾರ ಎಂಬ ಪ್ರಸಿದ್ಧ ಒಗಟನ್ನು ಕಟ್ಟಿದ ಜೀನೋ ಇವನ ಶಿಷ್ಯನೇ.

ಕೇಳಿದರೆ ನಗು ಬರುತ್ತದೆ. ಆದರೂ ನನಗೆ ಈ ಮನುಷ್ಯನ ಮೇಲೆ ಬಹಳ ಗೌರವ. ಅವನ ತೀರ್ಮಾನ ತಪ್ಪೇ ಇರಬಹುದು, ಆದರೆ ತಪ್ಪಿದ್ದು ಯಾವ ಹೆಜ್ಜೆಯಲ್ಲಿ ಎಂದು ತೋರಿಸುವುದು ಸುಲಭವಾಗಿರಲಿಲ್ಲ. ಅವನ ನಂತರ ಬಂದವರೆಲ್ಲ ಅದನ್ನೇ ಹುಡುಕಬೇಕಾಯಿತು.

ಸಿಸಿಲಿ ದ್ವೀಪದ ಎಂಪೆಡೋಕ್ಲೀಸ್ ಒಂದು ದಾರಿ ಕಂಡ. ಮಣ್ಣು, ನೀರು, ಗಾಳಿ, ಬೆಂಕಿ ಈ ನಾಲ್ಕೂ ಹುಟ್ಟುವುದಿಲ್ಲ, ಸಾಯುವುದಿಲ್ಲ. ಅವು ಬೆರೆಯುತ್ತವೆ, ಬೇರೆಯಾಗುತ್ತವೆ, ಅಷ್ಟೇ ಎಂದ. ಕಣ್ಣಿಗೆ ಕಾಣದ ಗಾಳಿ ನಿಜಕ್ಕೂ ಇದೆ ಎನ್ನುವುದಕ್ಕೆ ಅವನ ಪದ್ಯದಲ್ಲೊಂದು ಸೊಗಸಾದ ಉದಾಹರಣೆ ಸಿಗುತ್ತದೆ. ಒಬ್ಬ ಹುಡುಗಿ ಕಂಚಿನ ‘ಕ್ಲೆಪ್ಸಿಡ್ರಾ’ ಹಿಡಿದು ಆಡುತ್ತಿದ್ದಾಳೆ. ಅದು ಒಂದು ಪಾತ್ರೆಯಿಂದ ಇನ್ನೊಂದಕ್ಕೆ ನೀರನ್ನೋ ದ್ರಾಕ್ಷಾರಸವನ್ನೋ ತೆಗೆಯುವ ಸಾಧನ: ತಳದಲ್ಲಿ ಜರಡಿಯಂತೆ ಸಣ್ಣ ತೂತುಗಳು, ಮೇಲೆ ಕಿರಿದಾದ ಕೊಳವೆ. ಕೊಳವೆಯ ಬಾಯಿಯನ್ನು ಬೆರಳಿನಿಂದ ಮುಚ್ಚಿ ನೀರಲ್ಲಿ ಅದ್ದಿದರೆ ಒಳಗೆ ನೀರು ಹೋಗುವುದಿಲ್ಲ. ಬೆರಳು ತೆಗೆದರೆ ಹೋಗುತ್ತದೆ. ತುಂಬಿದ ಮೇಲೆ ಮತ್ತೆ ಬೆರಳಿಟ್ಟು ಮೇಲೆತ್ತಿದರೆ, ತಳ ತೂತಾಗಿದ್ದರೂ ನೀರು ಬೀಳುವುದಿಲ್ಲ! ಎಳನೀರು ಕುಡಿಯುವ ಸ್ಟ್ರಾದಲ್ಲಿ ನೀವೂ ಇದನ್ನು ಮಾಡಬಹುದು. ಮೊದಲ ಸಲ ನೀರನ್ನು ಒಳಗೆ ಬಿಡದೆ ತಡೆದದ್ದು ಒಳಗಿದ್ದ ಗಾಳಿ. ಎರಡನೇ ಸಲ ನೀರನ್ನು ಬೀಳದಂತೆ ಹಿಡಿದದ್ದು ಹೊರಗಿನ ಗಾಳಿಯ ಒತ್ತಡ. ಹೀಗೆ ತಡೆಯುವ, ತಳ್ಳುವ ವಸ್ತು ‘ಇಲ್ಲ’ ಎಂದು ಹೇಳಲಾದೀತೇ?

ಇನ್ನೊಂದು ದಾರಿ ಕಂಡವರು ಲ್ಯೂಸಿಪ್ಪಸ್ ಮತ್ತು ಅವನ ಶಿಷ್ಯ, ಉತ್ತರದ ಅಬ್ಡೆರಾ ಪಟ್ಟಣದ ಡೆಮಾಕ್ರಿಟಸ್. ಅವರು ಪಾರ್ಮೆನಿಡೀಸ್ ಹೇಳಿದ ‘ಎಂದೂ ಅಳಿಯದ ಒಂದು’ ವಸ್ತುವನ್ನು ಲೆಕ್ಕವಿಲ್ಲದಷ್ಟು ಪುಟ್ಟ ಕಣಗಳನ್ನಾಗಿ ಮಾಡಿದರು. ಒಂದೊಂದು ಕಣವೂ ಒಡೆಯದು, ಬದಲಾಗದು. ಅವೇ ಪರಮಾಣುಗಳು. ಆದರೆ ಕಣಗಳು ಓಡಾಡಲು ಜಾಗ ಬೇಕಲ್ಲ? ಅದಕ್ಕೆ ಅವರು ಧೈರ್ಯ ಮಾಡಿ, ಖಾಲಿ ಜಾಗವೂ ಇದೆ ಎಂದರು. ಪಾರ್ಮೆನಿಡೀಸ್ ಒಪ್ಪದಿದ್ದುದು ಇದನ್ನೇ! ಅವರ ಪ್ರಕಾರ ಮಾವು ಹಣ್ಣಾದಾಗ ಯಾವ ಕಣವೂ ಹುಟ್ಟಲಿಲ್ಲ, ಸಾಯಲಿಲ್ಲ. ಕಣಗಳ ಜೋಡಣೆ ಮಾತ್ರ ಬೇರೆಯಾಯಿತು.

ಇದೆಲ್ಲ ಬರೀ ಯೋಚನೆಯಿಂದ ಬಂದದ್ದು. ತಕ್ಕಡಿಯ ಸಾಕ್ಷಿ ಬರಲು ಎರಡು ಸಾವಿರ ವರ್ಷಗಳ ಮೇಲೆ ಬೇಕಾಯಿತು. 1774ರಲ್ಲಿ ಫ್ರಾನ್ಸಿನ ಲವಾಸಿಯೇ ತವರವನ್ನು ಗಾಜಿನ ಪಾತ್ರೆಯಲ್ಲಿ ಗಾಳಿಯಾಡದಂತೆ ಮುಚ್ಚಿ ಕಾಯಿಸಿದ. ತವರ ಬೂದಿಯಂಥ ಪುಡಿಯಾಗತೊಡಗಿತು, ಆದರೆ ಪಾತ್ರೆಯ ಒಟ್ಟು ತೂಕ ಬದಲಾಗಲಿಲ್ಲ. ಇನ್ನು ಕಣಗಳು? 1827ರಲ್ಲಿ ರಾಬರ್ಟ್ ಬ್ರೌನ್ ಸೂಕ್ಷ್ಮದರ್ಶಕದಲ್ಲಿ ನೋಡುತ್ತಿದ್ದಾಗ, ಪರಾಗದೊಳಗಿನ ಪುಟ್ಟ ಚೂರುಗಳು ನೀರಿನಲ್ಲಿ ಸುಮ್ಮನಿರದೆ ಕುಣಿಯುತ್ತಿದ್ದವು. ನೀರಿನ ಕಾಣದ ಅಣುಗಳು, ಅಂದರೆ ಪರಮಾಣುಗಳ ಪುಟ್ಟ ಗುಂಪುಗಳು, ಗುದ್ದುವುದರಿಂದ ಹೀಗಾಗುತ್ತದೆ ಎಂದು 1905ರಲ್ಲಿ ಐನ್‌ಸ್ಟೈನ್ ಲೆಕ್ಕ ಹಾಕಿ ತೋರಿಸಿದ. ಆ ಲೆಕ್ಕವನ್ನು ಪರೀಕ್ಷಿಸಿದವನು ಜಾನ್ ಪೆರಾನ್. ಅದಕ್ಕೆ ಅವನು ಬಳಸಿದ್ದು ಒಂದು ಮರದ ಹಳದಿ ಅಂಟಿನ ಪುಡಿ. ಆ ಮರ ನಮ್ಮ ಪುನರ್ಪುಳಿಯ ಕುಲಕ್ಕೇ ಸೇರಿದ್ದು! ಕುಣಿಯುವ ಆ ಪುಡಿಯಿಂದಲೇ ಅವನು ಅಣುಗಳ ಎಣಿಕೆಗೂ ದಾರಿ ಮಾಡಿದ. 18 ಗ್ರಾಂ ನೀರಿನಲ್ಲಿ ಸುಮಾರು 6ರ ಮುಂದೆ 23 ಸೊನ್ನೆ ಬರೆದಷ್ಟು ಅಣುಗಳಿವೆ ಎಂದು ನಮಗೆ ಈಗ ಗೊತ್ತು. 1926ರಲ್ಲಿ ಅವನಿಗೆ ನೊಬೆಲ್ ಪ್ರಶಸ್ತಿ ಬಂತು.

ಪರಮಾಣು ಒಡೆಯುವುದೇ ಇಲ್ಲ ಎಂಬ ಡೆಮಾಕ್ರಿಟಸ್‌ನ ಮಾತು ಮಾತ್ರ ನಿಲ್ಲಲಿಲ್ಲ. ಅದರೊಳಗೆ ಎಲೆಕ್ಟ್ರಾನುಗಳಿವೆ, ನ್ಯೂಕ್ಲಿಯಸ್ ಇದೆ. ಸೂರ್ಯನ ಒಡಲಲ್ಲಿ ನ್ಯೂಕ್ಲಿಯಸ್‌ಗಳು ಕೂಡಿಕೊಳ್ಳುವಾಗ ಪ್ರತಿ ಸೆಕೆಂಡಿಗೆ 40 ಲಕ್ಷ ಟನ್ನಿಗೂ ಹೆಚ್ಚು ದ್ರವ್ಯರಾಶಿ ಕಡಿಮೆಯಾಗುತ್ತದೆ. ಪಾರ್ಮೆನಿಡೀಸ್ ಕೇಳಿದ್ದರೆ ಖಂಡಿತ ಕೂಗಾಡುತ್ತಿದ್ದ: ಇದ್ದದ್ದು ಇಲ್ಲವಾಯಿತೇ? ಇಲ್ಲ. ಅದು ಬೆಳಕೂ ಶಾಖವೂ ಆಗಿ ಹೊರಗೆ ಹರಿಯುತ್ತಿದೆ. ಆ ಶಕ್ತಿಯನ್ನೂ ಸೇರಿಸಿಕೊಂಡರೆ ಲೆಕ್ಕ ಸರಿಹೋಗುತ್ತದೆ.